ಜೆರ್ಸಿಯಲ್ಲಿದ್ದು ಬ್ರಿಟಿಷ್ ಪೌರತ್ವ ತಗೊಂಡವರು, ಬೇಡ ಅಂದವರು ಅನುಭವ ಹೇಳಿ

ಸಕಲೇಶಪುರದ ಸೊಸೆ:
ಇಂಗ್ಲೆಂಡ್ ಪಕ್ಕದ ಈ ಜೆರ್ಸಿ ದ್ವೀಪಕ್ಕೆ ಬಂದು ಆರು ವರ್ಷ ದಾಟಿತು. ಐಎಲ್‌ಆರ್, ಅಂದರೆ ಕಾಯಂ ಆಗಿ ಇರೋ ಅನುಮತಿ, ಸಿಕ್ಕಿ ಒಂದು ವರ್ಷ ಆಯ್ತು. ಈಗ ಪೌರತ್ವಕ್ಕೆ ಅರ್ಜಿ ಹಾಕೋಣ ಅಂತ ಯಜಮಾನರು. ನನಗೆ ನಮ್ಮ ಪಾಸ್‌ಪೋರ್ಟ್ ಬಿಡೋಕೆ ಮನಸ್ಸಿಲ್ಲ. ಊರಲ್ಲಿ ಅಮ್ಮ ಒಬ್ಬರೇ ಇದ್ದಾರೆ. ಮಗಳು ಇಲ್ಲೇ ಹುಟ್ಟಿದ್ದು, ಈಗ ನಾಲ್ಕು ವರ್ಷ. ಏನು ಮಾಡಲಿ?

ಲೆಕ್ಕಾಚಾರಿ:
ದಿನದ ಲೆಕ್ಕ ಸರಿಯಾಗಿ ಇಡಿ. ಅರ್ಜಿಗೆ ಮುಂಚಿನ ಐದು ವರ್ಷದಲ್ಲಿ ಹೊರಗಿರಬಹುದಾದದ್ದು 450 ದಿನ, ಅದರಲ್ಲಿ ಕೊನೆಯ ವರ್ಷಕ್ಕೆ 90. ನನ್ನದು 450ರ ಒಳಗೇ ಇತ್ತು, ಆದರೆ ಅಪ್ಪನ ಬೈಪಾಸ್ ಅಂತ ಮೈಸೂರಿಗೆ ಹೋಗಿ ಕೂತೆ, ಕೊನೆಯ ವರ್ಷದ್ದು 117 ಆಗಿಹೋಯಿತು. ವಾಪಸ್ ಬಂದು ಏಳು ತಿಂಗಳು ಸುಮ್ನೆ ಕಾದೆ. ಲಂಡನ್‌ನಲ್ಲಿ ಕಳೆದ ದಿನಗಳನ್ನೂ ಹೊರಗಿದ್ದ ಲೆಕ್ಕಕ್ಕೆ ಸೇರಿಸಿ ತಲೆ ಕೆಡಿಸಿಕೊಂಡಿದ್ದೆ. ಪೌರತ್ವದ ಮಟ್ಟಿಗೆ ಬ್ರಿಟನ್ನು, ಈ ದ್ವೀಪಗಳು ಎಲ್ಲಾ ಒಂದೇ ಅಂತ ಆಮೇಲೆ ಗೊತ್ತಾಯಿತು.

ಹಳೇ ಪಾಸ್‌ಪೋರ್ಟ್:
14 ವರ್ಷದಿಂದ ಇದ್ದೇನೆ, ಇವತ್ತಿಗೂ ಭಾರತದ ಪಾಸ್‌ಪೋರ್ಟೇ. ಇಲ್ಲಿ ಬೆಲೆ ಇರುವುದು ಎಂಟೈಟಲ್ಡ್ ಕಾರ್ಡಿಗೆ, ಹತ್ತು ವರ್ಷ ಇಲ್ಲಿದ್ದವರಿಗೆ ಮನೆ ಕೊಳ್ಳೋಕೆ ಸಿಗೋ ಹಕ್ಕು ಅದು. ಆ ಕಾರ್ಡ್ ಇಲ್ಲದವರಿಗೆ ಸಿಗೋ ರಿಜಿಸ್ಟರ್ಡ್ ರೂಮುಗಳಲ್ಲಿ ಹತ್ತು ವರ್ಷ ಕೊಳೆತೆ, ಬಾಗಿಲು ಸರಿಯಾಗಿ ಮುಚ್ಚದ ಒಂದು ಕೋಣೆಗೆ ತಿಂಗಳಿಗೆ 950 ಪೌಂಡ್ ಕೊಟ್ಟೆ. ಕಾರ್ಡ್ ಬಂತು, ಮನೆ ತಗೊಂಡೆ. ನಿನ್ನೆ ಲಂಡನ್‌ನಿಂದ ಬಂದಿಳಿದ ಬ್ರಿಟಿಷನಿಗೂ ಆ ಕಾರ್ಡ್ ಕೊಡಲ್ಲ. ಓಟಿಗೂ ಪೌರತ್ವ ಕೇಳಲ್ಲ, 16 ತುಂಬಿ ಎರಡು ವರ್ಷ ಇಲ್ಲಿದ್ದರೆ ಹಾಕಬಹುದು. ಮತ್ಯಾಕೆ ಬದಲಿಸಬೇಕು? ನಮ್ಮ ಪೌರತ್ವ ಬಿಟ್ಟವರಿಗೆ ಭಾರತ ಕೊಡೋ ಒಸಿಐ ಕಾರ್ಡಿನವರಾದರೆ ಊರಲ್ಲಿ ತೋಟ ಕೊಳ್ಳುವ ಹಾಗಿಲ್ಲ, ನೆನಪಿರಲಿ. ನಾನು ಎರಡು ಎಕರೆ ಕಾಫಿ ತೋಟ ತಗೊಂಡಿದ್ದೇನೆ.

ನೈಟ್ ಡ್ಯೂಟಿ:
ನಾನು ತಗೊಂಡೆ, ಅತ್ತಿದ್ದೂ ಆಯ್ತು. ಪ್ರಮಾಣ ಮಾಡಿದ ದಿನವೇ ನಮ್ಮ ಪೌರತ್ವ ತಾನಾಗೇ ಹೋಗುತ್ತೆ, 1955ರ ಕಾಯ್ದೆಯ 9ನೇ ಕಲಂ. ಹಳೇ ಪಾಸ್‌ಪೋರ್ಟ್ ಒಪ್ಪಿಸಿ ಸರೆಂಡರ್ ಸರ್ಟಿಫಿಕೇಟ್ ತಗೊಂಡು, ಆಮೇಲೆ ಒಸಿಐ. ನಮ್ಮ ಹೆಸರಿನ ಕಥೆ ಗೊತ್ತಲ್ಲ, ಸರ್‌ನೇಮ್ ಇಲ್ಲ, ಎರಡು ಇನಿಶಿಯಲ್. ಅರ್ಜಿ ತುಂಬಿಕೊಟ್ಟ ಏಜೆಂಟ್ ಒಂದು ಕಡೆ ಅಪ್ಪನ ಹೆಸರು ಬಿಡಿಸಿ ಬರೆದ, ಇನ್ನೊಂದು ಕಡೆ ಬರೀ ಅಕ್ಷರ. ಒಸಿಐ ಅರ್ಜಿ ವಾಪಸ್ ಬಂತು. ಅದು 2022, ಬ್ರಿಟಿಷರಿಗೆ ಭಾರತದ ಇ-ವೀಸಾ ನಿಂತಿದ್ದ ಕಾಲ, ಊರಿಗೆ ಹೋಗೋಕಾಗಲಿಲ್ಲ. ಅಣ್ಣನ ಮಗಳ ಧಾರೆಯನ್ನು ನೈಟ್ ಡ್ಯೂಟಿ ಮುಗಿಸಿ ಬಸ್ ಸ್ಟಾಪಿನಲ್ಲಿ ನಿಂತು ಮೊಬೈಲಲ್ಲಿ ನೋಡಿದೆ. ಸೀರೆ ಇನ್ನೂ ಕವರಿನಲ್ಲೇ ಇದೆ. ಅಂದಹಾಗೆ ಸೊಸೆಯವರೇ, ಐಎಲ್‌ಆರ್‌ಗಿಂತ ಮೊದಲು ಹುಟ್ಟಿದ ಮಗು ತಾನಾಗಿ ಬ್ರಿಟಿಷ್ ಆಗಲ್ಲ, ಈಗ ರಿಜಿಸ್ಟರ್ ಮಾಡಿಸಬಹುದು.

ಗೊರೂರು ಕಡೆಯವ:
ಹಳೇ ಪಾಸ್‌ಪೋರ್ಟ್ ಅವರೇ, ಎನ್ಆರ್‌ಐ ಕೂಡ ಕೃಷಿ ಜಮೀನು, ತೋಟ ಕೊಳ್ಳುವ ಹಾಗಿಲ್ಲ. ಒಸಿಐಗೂ ಅದೇ ನಿಯಮ. ಪಿತ್ರಾರ್ಜಿತವಾಗಿ ಬಂದರೆ ಮಾತ್ರ ಸರಿ. ಜನರಿಗೆ ಸುಳ್ಳು ಹೇಳಬೇಡಿ.

ಹಳೇ ಪಾಸ್‌ಪೋರ್ಟ್:
ಸುಳ್ಳು ಅನ್ನೋಕೆ ನೀವ್ಯಾರು? ದುಡ್ಡು ನಂದು, ಬೆವರು ನಂದು. ರಾಣಿ ಫೋಟೋ ಮುಂದೆ ಕೈಯೆತ್ತಿ ಪ್ರಮಾಣ ಮಾಡಿದವರಿಂದ ನಾನು ಕಾನೂನು ಕಲಿಯಬೇಕಾ?

ನೈಟ್ ಡ್ಯೂಟಿ:
ಪ್ರಮಾಣ ಮಾಡಿದ್ದು ನಾನು, ಅವರಲ್ಲ. ಸಿಟ್ಟು ಯಾರ ಮೇಲೆ ಅಂತ ನೋಡಿಕೊಂಡು ಬರೀರಿ.

ಲೆಕ್ಕಾಚಾರಿ:
ಹೊರಗಿನ ದನ ಒಳಗೆ ಬರಬಾರದು ಅಂತ 1789ರಲ್ಲೇ ಕಾನೂನು ಮಾಡಿದ ಊರಿದು. ಇಲ್ಲಿಂದ ನಮ್ಮೂರ ಕೊಟ್ಟಿಗೆಗೆ ಬಂದ ಜೆರ್ಸಿ ಹಸುವಿಗೆ ಯಾರೂ ಕಾರ್ಡ್ ಕೇಳಲಿಲ್ಲ. ನಾವು ಮಾತ್ರ ಇಲ್ಲಿ ದಿನ ಎಣಿಸಬೇಕು.

ಗೊರೂರು ಕಡೆಯವ:
ಹಸು ಆಮೇಲೆ. ಆ ಎರಡು ಎಕರೆಯ ಪಹಣಿ ಯಾರ ಹೆಸರಲ್ಲಿದೆ, ಅದನ್ನು ಹೇಳಿ.

ಹಳೇ ಪಾಸ್‌ಪೋರ್ಟ್:
ಭಾವಮೈದುನನ ಹೆಸರಲ್ಲಿ. ಏನೀಗ?