ಅಪ್‌ಡೇಟ್: ಬೇಲಿ ಸರಿಸಿದ ಜಾಗಕ್ಕೆ ಬರೀ ಇಂಜಂಕ್ಷನ್ ಸಾಕಾ?

ಪಕ್ಕದ ಜಮೀನಿನವರು ಬೇಲಿ ಸರಿಸಿ ಮೂರು ಗುಂಟೆ ಒಳಗೆ ಬಂದಿದ್ದಾರೆ, ಅವರನ್ನು ತಡೆಯಲು ನಾವು ಹಾಕಿರುವ ನಿರ್ಬಂಧಕಾಜ್ಞೆಯ (ಇಂಜಂಕ್ಷನ್, ಅಂದರೆ ಕೋರ್ಟಿನ ತಡೆಯಾಜ್ಞೆ) ದಾವೆಯೊಂದೇ ಸಾಕಾ ಎಂದು ಹಿಂದೆ ಕೇಳಿದ್ದೆ. ಸಾಲದು. ಸ್ವಾಧೀನ ಆಗಲೇ ಅವರ ಕೈಲಿದೆ, ಮೇಲಾಗಿ ದಾವೆಗೆ ಕೊಟ್ಟ ಲಿಖಿತ ಹೇಳಿಕೆಯಲ್ಲಿ (ಪ್ರತಿವಾದಿಯ ಉತ್ತರ) ನಮ್ಮ ಹಕ್ಕನ್ನೇ ಅಲ್ಲಗಳೆದಿದ್ದಾರೆ. ಇಂಥ ಕಡೆ ಹಕ್ಕು ಘೋಷಣೆ, ಸ್ವಾಧೀನ ಎರಡನ್ನೂ ಕೇಳಬೇಕೆಂದು ಸುಪ್ರೀಂ ಕೋರ್ಟ್ 2008ರಲ್ಲೇ ಸ್ಪಷ್ಟಪಡಿಸಿದೆ. ಬೇಲಿ ಸರಿಸಿ ಆರು ತಿಂಗಳೊಳಗಾಗಿದ್ದರೆ ನಿರ್ದಿಷ್ಟ ಪರಿಹಾರ ಕಾಯ್ದೆಯ ಕಲಂ 6ರಡಿ ಹಕ್ಕು ಸಾಬೀತುಪಡಿಸದೆಯೇ ಸ್ವಾಧೀನ ಕೇಳಬಹುದಿತ್ತು. ಆ ಗಡುವು ದಾಟಿದೆ.

ಈಗ ಘೋಷಣೆ, ಸ್ವಾಧೀನ ಎರಡನ್ನೂ ಸೇರಿಸಲು ಸಿವಿಲ್ ಪ್ರಕ್ರಿಯಾ ಸಂಹಿತೆಯ (ಸಿಪಿಸಿ) ಆದೇಶ 6 ನಿಯಮ 17ರಡಿ ದಾವಾಪತ್ರದ ತಿದ್ದುಪಡಿಗೆ ಅರ್ಜಿ ಹಾಕಿದ್ದೇವೆ. ವಿಚಾರಣೆ ಶುರುವಾದ ಮೇಲೆ ಇದು ಕಷ್ಟ. ಒತ್ತುವರಿಯಾದ ತುಂಡಿಗೇ ಪ್ರತ್ಯೇಕ ಷೆಡ್ಯೂಲ್ (ದಾವಾಪತ್ರದಲ್ಲಿ ಕೊಡುವ ಆಸ್ತಿ ವಿವರ), ನಾಲ್ಕು ದಿಕ್ಕಿನ ಚಕ್ಕುಬಂದಿ, ಅಳತೆ ಸಮೇತ ಕೊಡಬೇಕು. ಇಡೀ ಸರ್ವೆ ನಂಬರ್ ಬರೆದು ಸುಮ್ಮನಾದರೆ ಡಿಕ್ರಿ ಬಂದರೂ ಅಮಲ್ಜಾರಿಯಲ್ಲಿ (ಡಿಕ್ರಿ ಜಾರಿ ಮಾಡಿಸುವಾಗ) ಯಾವ ಜಾಗ ಎಂದು ತಕರಾರು ಗ್ಯಾರಂಟಿ.

ಪಹಣಿ ಇದೆಯಲ್ಲ ಎಂದವರಿಗೆ: ಅದು ಕಂದಾಯ ದಾಖಲೆ, ಅದರಿಂದಲೇ ಒಡೆತನ ಹುಟ್ಟುವುದಿಲ್ಲ. ಕ್ರಯಪತ್ರ, ಅದರ ಹಿಂದಿನ ಪತ್ರಗಳೂ ಬೇಕು. ಗಡಿ ಗುರುತಿಸಲು ಸಿಪಿಸಿ ಆದೇಶ 26 ನಿಯಮ 9ರಡಿ ಕೋರ್ಟ್ ಕಮಿಷನರ್ (ಸ್ಥಳ ತನಿಖೆಗೆ ಕೋರ್ಟ್ ನೇಮಿಸುವವರು) ಕೇಳಿದ್ದೇವೆ. ಮೂಲ ಟಿಪ್ಪಣಿ, ಆಕಾರ್‌ಬಂದ್ ಎಂಬ ಸರ್ವೆ ದಾಖಲೆಗಳನ್ನು ಹಿಡಿದು ಎರಡೂ ಬದಿಯ ಜಮೀನು ಅಳೆಯಬೇಕು. ಒಂದೇ ಬದಿ ಅಳೆದ ಸ್ಕೆಚ್ ಪಾಟೀಸವಾಲಿನಲ್ಲಿ (ಎದುರು ವಕೀಲರ ಮರುಪ್ರಶ್ನೆಗಳಲ್ಲಿ) ನಿಲ್ಲುವುದು ಕಷ್ಟ.