ವ್ಯಾಪಾರಸ್ಥರ ಸಂಘ ಮತದಾರರ ಪಟ್ಟಿ, ಸ್ಥಳೀಯ ಚುನಾವಣೆ ಬಗ್ಗೆ ದನಿ ಎತ್ತಬೇಕಂದ್ರ ಎಲ್ಲಿಂದ ಶುರು ಮಾಡಬೇಕು?

ಕಪನೂರ_ಮಿಲ್ (ಪ್ರಶ್ನೆ)

ಕಲಬುರಗಿಯ ದಾಲ್ ಮಿಲ್ ಮಾಲೀಕರು, ಗಂಜಿನ (ಸಗಟು ಮಾರುಕಟ್ಟೆಯ) ಅಡತಿಯವರು (ಕಮಿಷನ್ ದಲ್ಲಾಳಿಗಳು), ಸಗಟು ಕಿರಾಣಿಯವರು ಕೂಡಿರೋ ನೋಂದಾಯಿತ ಸಂಘದ ಪರವಾಗಿ ಕೇಳ್ತಿದ್ದೀನಿ. ಇಷ್ಟು ದಿನ ಸಂಘದ ಮನವಿ ಅಂದ್ರ ಮಾರುಕಟ್ಟೆ ಶುಲ್ಕ, ಜಿಎಸ್‌ಟಿ, ಕರೆಂಟ್ ದರ, ಇಷ್ಟೇ. ಈಗ ಸದಸ್ಯರು ಬೇರೆ ಮಾತು ಎತ್ತ್ಯಾರ: ಮತದಾರರ ಪಟ್ಟಿ ಸ್ವಚ್ಛ ಇರಬೇಕು, ಪಾಲಿಕೆ ಮತ್ತ ಜಿಲ್ಲಾ ಪಂಚಾಯಿತಿ ಚುನಾವಣೆ ವ್ಯಾಳ್ಯಾಕ್ಕ ಆಗಬೇಕು, ರೊಕ್ಕ ಹಂಚೋದು ನಿಲ್ಲಬೇಕು ಅಂತ ವ್ಯಾಪಾರಸ್ಥರೇ ಸಂಘಟಿತರಾಗಿ ಒತ್ತಾಯ ಮಾಡಬೇಕು.

ಕೇಳೋದು ಇಷ್ಟು. ನೋಂದಾಯಿತ ಸಂಘ ಇಂಥ ಕೆಲಸ ಮಾಡಬಹುದಾ? ಪಕ್ಷಗಳಿಗೆ ದೇಣಿಗಿ ಕೊಟ್ಟು ಮಾತು ಕೇಳಿಸೋದು ಒಳ್ಳೇದಾ, ಕೊಡದೇ ಇರೋದು ಒಳ್ಳೇದಾ? ಎಲ್ಲ ಅಭ್ಯರ್ಥಿಗಳನ್ನ ಒಂದೇ ವೇದಿಕೆಗೆ ಕರೆದ್ರ ನೀತಿ ಸಂಹಿತೆ ಅಡ್ಡ ಬರ್ತದಾ? ಸದಸ್ಯರಲ್ಲಿ ಮೂರೂ ಪಕ್ಷದವರು ಇದ್ದಾರ, ಅದೇ ದೊಡ್ಡ ಚಿಂತಿ.

ಶಹಾಪುರ_ವಕೀಲ

ಮೊದಲು ನಿಮ್ಮ ಬೈಲಾದ ಉದ್ದೇಶಗಳ ಪುಟ ತೆಗೆದು ಓದಿ. ಬಹುತೇಕ ವ್ಯಾಪಾರಿ ಸಂಘಗಳ ಬೈಲಾದಲ್ಲಿ ‘ಸದಸ್ಯರ ವ್ಯಾಪಾರ ಹಿತ ಕಾಯುವುದು’ ಅನ್ನುವುದರ ಆಚೆ ಏನೂ ಇರುವುದಿಲ್ಲ. ಹಾಗಿದ್ದರೆ ‘ಮತದಾರರ ಶಿಕ್ಷಣ, ಸ್ಥಳೀಯ ಸಂಸ್ಥೆಗಳ ಸಕಾಲಿಕ ಚುನಾವಣೆ ಮತ್ತು ಪಾರದರ್ಶಕ ಆಡಳಿತಕ್ಕಾಗಿ ಪಕ್ಷಾತೀತವಾಗಿ ಕೆಲಸ ಮಾಡುವುದು’ ಎಂಬ ಒಂದು ಸಾಲು ಸೇರಿಸಿ. ಅದನ್ನು ಸರ್ವಸದಸ್ಯರ ಸಭೆಯಲ್ಲಿಟ್ಟು, ಅಗತ್ಯ ಬಹುಮತದಲ್ಲಿ ಠರಾವು ಪಾಸು ಮಾಡಿಸಿ, ಸಂಘಗಳ ನೋಂದಣಾಧಿಕಾರಿಗೆ ಸಲ್ಲಿಸಿ. ಇದನ್ನು ಮಾಡದೆ ಬೀದಿಗಿಳಿದರೆ ಮುನಿಸಿಕೊಂಡ ಒಬ್ಬ ಸದಸ್ಯ ಸಾಕು, ‘ಸಂಘದ ಹಣ ಉದ್ದೇಶದ ಹೊರಗೆ ಖರ್ಚಾಗಿದೆ’ ಎಂದು ದೂರು ಕೊಡಲು.

ಮೂರು ಪಕ್ಷದವರು ಇರುವುದು ಚಿಂತೆಯಲ್ಲ, ಅದೇ ನಿಮ್ಮ ಬಲ. ಒಂದೇ ಪಕ್ಷದವರು ತುಂಬಿದ ಸಂಘದ ಮನವಿಯನ್ನು ಯಾವ ಅಧಿಕಾರಿಯೂ ಮನವಿಯಾಗಿ ನೋಡುವುದಿಲ್ಲ. ಆದರೆ ಒಂದು ಕಟ್ಟಳೆ ಬರೆದಿಟ್ಟುಕೊಳ್ಳಿ: ಪಕ್ಷದ ಹುದ್ದೆಯಲ್ಲಿರುವವರು ಸಾಮಾನ್ಯ ಸದಸ್ಯರಾಗಿರಬಹುದು, ಈ ಕೆಲಸದ ಉಪಸಮಿತಿಯಲ್ಲಿ ಇರಬಾರದು. ಟಿಕೆಟ್ ಕೇಳಿದ ದಿನವೇ ಪದಾಧಿಕಾರಿ ರಾಜೀನಾಮೆ ಕೊಡಬೇಕು. ಪತ್ರಿಕಾ ಹೇಳಿಕೆಗೆ ಇಬ್ಬರ ಸಹಿ ಕಡ್ಡಾಯ ಮಾಡಿ, ಅಧ್ಯಕ್ಷರೊಬ್ಬರೇ ಮಾತಾಡಿದರೆ ಮರುದಿನ ಅದು ಅವರ ಪಕ್ಷದ ಹೇಳಿಕೆಯಾಗಿರುತ್ತದೆ.

ಚುನಾವಣೆ ಹೊತ್ತಿಗೆ ಜಾರುವ ಜಾಗಗಳು ಬೇರೆ ಇವೆ. ಅಭ್ಯರ್ಥಿಯ ಲಿಖಿತ ಅನುಮತಿ ಇಲ್ಲದೆ ಅವನ ಗೆಲುವಿಗಾಗಿ ಸಭೆ, ಜಾಹೀರಾತು, ಕರಪತ್ರಕ್ಕೆ ಯಾರೇ ಖರ್ಚು ಮಾಡಿದರೂ ಭಾರತೀಯ ನ್ಯಾಯ ಸಂಹಿತೆಯ 176ನೇ ಕಲಂ ಅಡಿ 10,000 ರೂಪಾಯಿವರೆಗೆ ದಂಡ. ಅನುಮತಿ ಪಡೆದು ಮಾಡಿದರೆ ಆ ಖರ್ಚು ಅಭ್ಯರ್ಥಿಯ ಲೆಕ್ಕಕ್ಕೆ ಹೋಗುತ್ತದೆ. ನಮ್ಮ ರಾಜ್ಯದಲ್ಲಿ ವಿಧಾನಸಭೆಗೆ 40 ಲಕ್ಷ, ಲೋಕಸಭೆಗೆ 95 ಲಕ್ಷ ರೂಪಾಯಿ ಮಿತಿ. ಅಂದರೆ ‘ಇಂಥವರಿಗೆ ಮತ ಹಾಕಿ’ ಎಂಬ ಮಾತು ಸಂಘದ ಬಾಯಿಂದ ಬರಲೇಬಾರದು.

ಕರಪತ್ರ ಹೊಡೆಸುವಾಗ ಮುದ್ರಕರ ಮತ್ತು ಪ್ರಕಾಶಕರ ಹೆಸರು, ವಿಳಾಸ ಮುಂಬದಿಯಲ್ಲಿ ಇರಬೇಕು. ಪ್ರಕಾಶಕರು ಸಹಿ ಮಾಡಿ, ಪರಿಚಿತರಿಬ್ಬರು ದೃಢೀಕರಿಸಿದ ಘೋಷಣೆಯನ್ನು ಪ್ರೆಸ್‌ನವರಿಗೆ ಕೊಡಬೇಕು, ಅದರ ಜೊತೆ ಒಂದು ಪ್ರತಿ ಜಿಲ್ಲಾಧಿಕಾರಿಗೆ ಹೋಗಬೇಕು. ಇದು ಪ್ರಜಾಪ್ರತಿನಿಧಿ ಕಾಯ್ದೆ 1951ರ 127ಎ. ತಪ್ಪಿದರೆ 6 ತಿಂಗಳವರೆಗೆ ಸಜೆ ಅಥವಾ 2,000 ರೂಪಾಯಿ ದಂಡ, ಇಲ್ಲವೆ ಎರಡೂ. ‘ಬರೀ ಜಾಗೃತಿ ಕರಪತ್ರ’ ಎಂದು ಹೆಸರಿಲ್ಲದೆ ಹೊಡೆಸಿ ಸಿಕ್ಕಿಬೀಳುವುದೇ ಹೆಚ್ಚು. ಕೇಬಲ್ ಟಿವಿ, ಸಾಮಾಜಿಕ ಜಾಲತಾಣದಲ್ಲಿ ರಾಜಕೀಯ ವಿಷಯದ ಜಾಹೀರಾತು ಕೊಡುವುದಿದ್ದರೆ ಜಿಲ್ಲಾ ಮಾಧ್ಯಮ ಪ್ರಮಾಣೀಕರಣ ಸಮಿತಿಯ ಒಪ್ಪಿಗೆ ಮೊದಲೇ ಬೇಕು. ಅಭ್ಯರ್ಥಿಗಳು 3 ದಿನ ಮುಂಚೆ ಅರ್ಜಿ ಹಾಕಿದರೆ ಸಾಕು, ನಿಮ್ಮಂಥವರು 7 ದಿನ ಮುಂಚೆ ಹಾಕಬೇಕು.

ವೇದಿಕೆ ಕಾರ್ಯಕ್ರಮ ಮಾಡಬಹುದು. ನಾಮಪತ್ರ ವಾಪಸಾತಿ ಮುಗಿದ ಮೇಲೆ ದಿನ ಗೊತ್ತುಮಾಡಿ, ಅಂತಿಮ ಪಟ್ಟಿಯಲ್ಲಿರುವ ಪ್ರತಿಯೊಬ್ಬರಿಗೂ, ಪಕ್ಷೇತರರಿಗೂ ಸೇರಿ, ಒಂದೇ ದಿನ ರಿಜಿಸ್ಟರ್ಡ್ ಪತ್ರ ಕಳಿಸಿ. ಪ್ರಶ್ನೆಗಳು ಎಲ್ಲರಿಗೂ ಒಂದೇ, ಸಮಯ ಒಂದೇ. ಚುನಾವಣಾಧಿಕಾರಿಗೂ ಪೊಲೀಸರಿಗೂ ಲಿಖಿತ ಅನುಮತಿ ಕೇಳಿ. ಶಾಲು, ಹಾರ, ಊಟ ಬೇಡ. ಕರೆದವರಲ್ಲಿ ಒಬ್ಬರೇ ಬಂದರೆ ಕಾರ್ಯಕ್ರಮ ರದ್ದು ಎಂದು ಪತ್ರದಲ್ಲೇ ಬರೆಯಿರಿ, ಇಲ್ಲದಿದ್ದರೆ ಅದು ಅವರ ಪ್ರಚಾರ ಸಭೆಯಾಗಿ ಲೆಕ್ಕಕ್ಕೆ ಸೇರುತ್ತದೆ. ಮತದಾನ ಮುಗಿಯುವ ಮುಂಚಿನ 48 ತಾಸಿನಲ್ಲಿ ಏನನ್ನೂ ಇಟ್ಟುಕೊಳ್ಳಬೇಡಿ.

ಬೀದರ್_ಸಿಎ

ದೇಣಿಗೆ ಬಗ್ಗೆ ಮಾತ್ರ ಹೇಳ್ತೀನಿ. ಸಂಘದ ಖಾತೆಯಿಂದ ಒಂದು ರೂಪಾಯಿಯೂ ಪಕ್ಷಕ್ಕೆ ಹೋಗಬಾರದು. ಸಂಘಕ್ಕೆ ಆದಾಯ ತೆರಿಗೆ ವಿನಾಯಿತಿಯ (12ಎ, 80ಜಿ) ನೋಂದಣಿ ಇದ್ದರಂತೂ ಆ ವಿನಾಯಿತಿಗೇ ಕುತ್ತು.

ಸದಸ್ಯರು ತಂತಮ್ಮ ಹಣ ಕೊಡೋದು ಅವರ ಹಕ್ಕು, ಆದರೆ ಯಾರ ಹೆಸರಲ್ಲಿ ಕೊಡ್ತಾರೆ ಅನ್ನೋದರ ಮೇಲೆ ನಿಯಮ ಬದಲಾಗ್ತದೆ. ಪ್ರೈವೇಟ್ ಲಿಮಿಟೆಡ್ ಕಂಪನಿ ಆದರೆ ಕಂಪನಿ ಕಾಯ್ದೆ 2013ರ 182ನೇ ಕಲಂ: ಕಂಪನಿಗೆ 3 ಹಣಕಾಸು ವರ್ಷ ತುಂಬಿರಬೇಕು, ಬೋರ್ಡ್ ಠರಾವು ಬೇಕು, ನಗದು ನಡೆಯೋದಿಲ್ಲ. ಹಿಂದಿನ 3 ವರ್ಷಗಳ ಸರಾಸರಿ ನಿವ್ವಳ ಲಾಭದ ಶೇ. 7.5 ಮಿತಿಯನ್ನ 2017ರಲ್ಲಿ ತೆಗೆದಿದ್ದರು. 2024ರ ಫೆಬ್ರುವರಿ 15ರಂದು ಸುಪ್ರೀಂ ಕೋರ್ಟ್ ಚುನಾವಣಾ ಬಾಂಡ್ ಜೊತೆ ಆ ತಿದ್ದುಪಡಿಯನ್ನೂ ರದ್ದು ಮಾಡಿತು. ಹಾಗಾಗಿ ಮಿತಿ ಮತ್ತೆ ಜಾರಿಯಲ್ಲಿದೆ, ಯಾವ ಪಕ್ಷಕ್ಕೆ ಎಷ್ಟು ಅನ್ನೋದನ್ನ ಲಾಭ–ನಷ್ಟ ಪಟ್ಟಿಯಲ್ಲಿ ತೋರಿಸಲೇಬೇಕು. ಮೀರಿದರೆ ಕೊಟ್ಟದ್ದರ 5 ಪಟ್ಟುವರೆಗೆ ದಂಡ, ಹೊಣೆಗಾರ ಅಧಿಕಾರಿಗೆ 6 ತಿಂಗಳವರೆಗೆ ಜೈಲೂ ಇದೆ.

ನಮ್ಮ ಭಾಗದ ಮಿಲ್‌ಗಳಲ್ಲಿ ಹೆಚ್ಚಿನವು ಪಾಲುದಾರಿಕೆ ಫರ್ಮ್. ಅವಕ್ಕೆ 182 ತಗಲೋದಿಲ್ಲ. ಹಾಗಂತ ನಗದು ಕೊಡಬೇಡಿ. ತೆರಿಗೆ ವಿನಾಯಿತಿ ಬೇಕಂದರೆ ಬ್ಯಾಂಕ್ ಮೂಲಕವೇ ಕೊಟ್ಟಿರಬೇಕು.

ಎಲ್ಲರೂ ಮರೆಯೋದು ಸ್ಮರಣ ಸಂಚಿಕೆ. ಪಕ್ಷದ ಸಮಾವೇಶದ ಸಂಚಿಕೆಗೆ ಕಂಪನಿ ಕೊಟ್ಟ ಅರ್ಧ ಪುಟದ ಜಾಹೀರಾತನ್ನೂ ಕಾನೂನು ರಾಜಕೀಯ ದೇಣಿಗೆ ಅಂತಲೇ ಎಣಿಸ್ತದೆ. ಅದನ್ನ ಜಾಹೀರಾತು ವೆಚ್ಚ ಅಂತ ಬರೆದು ಲಾಭದಲ್ಲಿ ಕಳೆಯೋ ಹಾಗಿಲ್ಲ. ಸಿಎಸ್‌ಆರ್ (ಕಂಪನಿಯ ಸಾಮಾಜಿಕ ಹೊಣೆಗಾರಿಕೆ) ಲೆಕ್ಕಕ್ಕೂ ಬರೋದಿಲ್ಲ.

ಇನ್ನು ಈ ಕೆಲಸದ ಖರ್ಚು. ಪ್ರತಿ ಫರ್ಮ್‌ನಿಂದ ಒಂದೇ ಮೊತ್ತದ ವಂತಿಗೆ ಇಡಿ. ದೊಡ್ಡ ಮಿಲ್ಲಿನವರು ಒಂದು ಲಕ್ಷ, ಸಣ್ಣ ಅಡತಿಯವರು ಐನೂರು ಅಂತಾದರೆ, ವರ್ಷದೊಳಗೆ ಅಜೆಂಡಾ ಯಾರದು ಅಂತ ಎಲ್ಲರಿಗೂ ತಿಳಿದುಹೋಗ್ತದೆ. ಪ್ರತ್ಯೇಕ ಬ್ಯಾಂಕ್ ಖಾತೆ, ಜಂಟಿ ಸಹಿ, ಮೂರು ತಿಂಗಳಿಗೊಮ್ಮೆ ಖರ್ಚಿನ ಪಟ್ಟಿ ಸಂಘದ ಬೋರ್ಡಿಗೆ ಹಚ್ಚಿ.

ಆಳಂದ_ನಾಕಾ

ವೇದಿಕಿ, ಕರಪತ್ರ ಎಲ್ಲಾ ಆಮ್ಯಾಲ ನೋಡ್ರಿ. ಮೊದಲ ಪಟ್ಟಿಗಿ ಕೈ ಹಚ್ಚ್ರಿ. ನಮ್ಮ ಜಿಲ್ಲಾದಾಗೇ ಉದಾಹರಣಿ ಅದ. 2023ರ ವಿಧಾನಸಭಾ ಚುನಾವಣಿ ಮುಂಚೆ ಆಳಂದ ಕ್ಷೇತ್ರದಾಗ ಹೆಸರು ತೆಗೀರಿ ಅಂತ ಆನ್‌ಲೈನ್‌ನಾಗ ಬಂದ ಫಾರ್ಮ್ 7 ಅರ್ಜಿ 6,018. ಚುನಾವಣಾ ಆಯೋಗವೇ ಹೇಳಿದಂಗ ಅದರಾಗ ಖರೆ ಇದ್ದವು 24, ಉಳಿದ 5,994 ತಪ್ಪು. ಸ್ಥಳಕ್ಕ ಹೋಗಿ ತಪಾಸಣಿ ಮಾಡಿದ್ದಕ್ಕ ಆ 5,994 ಹೆಸರು ಉಳದ್ವು, ಪೊಲೀಸ್ ಕೇಸೂ ಆಯ್ತು. ತಪಾಸಣಿ ಆಗದಿದ್ರ ಮತದಾನದ ದಿನ ಬೂತಿನ ಮುಂದ ನಿಂತಾಗಷ್ಟೇ ಗೊತ್ತಾಗ್ತಿತ್ತು.

ಸಂಘ ಏನು ಮಾಡಬಹುದಂದ್ರ, ಮತದಾರರ ನೋಂದಣಾಧಿಕಾರಿ ಹೊಸ ಸೇರ್ಪಡಿ ಅರ್ಜಿ ಪಟ್ಟಿ ಫಾರ್ಮ್ 9ರಾಗ, ತೆಗಿಯೋ ಅರ್ಜಿ ಪಟ್ಟಿ ಫಾರ್ಮ್ 10ರಾಗ ಪ್ರಕಟ ಮಾಡಬೇಕು. ಮುಖ್ಯ ಚುನಾವಣಾಧಿಕಾರಿ ವೆಬ್‌ಸೈಟಿನಾಗೂ ಸಿಗ್ತದ. ವಾರಕ್ಕೊಮ್ಮೆ ಕಲಬುರಗಿ ಉತ್ತರ, ದಕ್ಷಿಣ, ಗ್ರಾಮೀಣ, ಈ ಮೂರು ಕ್ಷೇತ್ರದ ಫಾರ್ಮ್ 10 ಇಳಿಸಿಕೊಂಡು ಸದಸ್ಯರು, ಗುಮಾಸ್ತರು, ಹಮಾಲರ ಹೆಸರಿನ ಜೋಡಿ ತಾಳೆ ನೋಡೋದು. ಒಬ್ಬ ಗುಮಾಸ್ತನ ಅರ್ಧ ದಿನದ ಕೆಲಸ. ಪಟ್ಟಿ ಹಚ್ಚಿ 7 ದಿನ ಆಗೋ ತನಕ ತೀರ್ಮಾನ ಮಾಡಂಗಿಲ್ಲ, ಆ 7 ದಿನದಾಗೇ ಹೆಸರಿದ್ದಾತ ಹೋಗಿ ‘ನಾ ಇಲ್ಲೇ ಇದ್ದೀನಿ’ ಅಂತ ಬರೆದು ಕೊಡಬೇಕು. ತೆಗೆದುಬಿಟ್ಟಾರಂದ್ರ 15 ದಿನದಾಗ ಜಿಲ್ಲಾಧಿಕಾರಿಗಿ ಮೇಲ್ಮನವಿ, ಅಲ್ಲೂ ಆಗದಿದ್ರ 30 ದಿನದಾಗ ಮುಖ್ಯ ಚುನಾವಣಾಧಿಕಾರಿಗಿ.

ಹೊಸ ಹೆಸರು ಸೇರ್ಸೋದ್ರಾಗ ಒಂದು ತಪ್ಪು ಎಲ್ಲಾರೂ ಮಾಡ್ತಾರ. ಮಾಲಕರು 200 ಫಾರ್ಮ್ 6 ಬರೆಸಿ, ಕಟ್ಟು ಕಟ್ಟಿ ತಹಶೀಲ್ ಕಚೇರಿಗಿ ಒಯ್ದ್ರ ವಾಪಸ್ ಕಳಿಸ್ತಾರ. ಸಂಘ–ಸಂಸ್ಥಿ ಕೊಡೋ ಗುಂಪು ಅರ್ಜಿ ನಡಿಯಂಗಿಲ್ಲ. ಒಬ್ಬೊಬ್ಬರು ತಮ್ಮ ಫೋನಿನಿಂದ ಹಾಕಬೇಕು, ಇಲ್ಲಾಂದ್ರ ಬಿಎಲ್‌ಒ (ಮತಗಟ್ಟಿ ಮಟ್ಟದ ಅಧಿಕಾರಿ) ಮುಂದ ಸಹಿ ಮಾಡಬೇಕು. ಅದಕ್ಕ ಜಿಲ್ಲಾ ಸ್ವೀಪ್ (ಮತದಾರರ ಜಾಗೃತಿ) ಸಮಿತಿಗಿ, ಅಂದ್ರ ಜಿಲ್ಲಾ ಪಂಚಾಯಿತಿ ಸಿಇಒಗ ಪತ್ರ ಬರೆದು ಬಿಎಲ್‌ಒಗಳನ್ನೇ ಒಂದು ದಿನ ಗಂಜಿಗಿ ಕರಸ್ರಿ. ಅಮಾಸಿ ದಿನ ಬ್ಯಾಡ, ಅವತ್ತು ವ್ಯಾಪಾರ ಬಂದ್, ಹಮಾಲರು ಊರಿಗಿ ಹೋಗಿರ್ತಾರ. ಜನವರಿ 1, ಏಪ್ರಿಲ್ 1, ಜುಲೈ 1, ಅಕ್ಟೋಬರ್ 1, ವರ್ಷದಾಗ ನಾಕು ಅರ್ಹತಾ ದಿನಾಂಕ ಅವ, 18 ತುಂಬಿದವರು ಮುಂದಿನ ಜನವರಿ ತನಕ ಕಾಯಬೇಕಾಗಿಲ್ಲ.

ಬಿಹಾರ, ಯುಪಿ ಕಡಿಯಿಂದ ಬಂದ ಮಿಲ್ ಕೆಲಸಗಾರರು ಇಲ್ಲೇ ಕಾಯಂ ಇದ್ರ ಇಲ್ಲಿ ಹೆಸರು ಹಚ್ಚಬಹುದು. ಊರಾಗಿಂದು ಹಂಗೇ ಇಟ್ಟು ಇಲ್ಲೊಂದು ಮಾಡ್ಸೋದು ಅಪರಾಧ, ಫಾರ್ಮಿನಾಗ ಸುಳ್ಳು ಘೋಷಣಿ ಕೊಟ್ರ ಒಂದು ವರ್ಷದ ತನಕ ಶಿಕ್ಷಾ ಅದ. ಈಗಾಗಲೇ ಬೇರೆ ಕಡಿ ಹೆಸರಿದ್ದವರಿಗಿ ಫಾರ್ಮ್ 8, ಫಾರ್ಮ್ 6 ಅಲ್ಲ. ಮಾಲಕರು ಈ ತಪ್ಪು ಮಾಡಿಸಿ ಬಡವನ ತಲಿ ಮ್ಯಾಲ ಕೇಸ್ ತರಬಾರದು.

ಮತದಾನದ ದಿನದ ಸೂಟಿ ಬಗ್ಗೆ: ಪ್ರಜಾಪ್ರತಿನಿಧಿ ಕಾಯ್ದೆ 135ಬಿ ಪ್ರಕಾರ ಪಗಾರ ಸಹಿತ ರಜಾ, ದಿನಗೂಲಿಯವರಿಗೂ. ಮಾಲಕಗ ದಂಡ ಬರೀ 500 ರೂಪಾಯಿ, ಅದಕ್ಕೇ ಯಾರೂ ಕಿವಿಗಿ ಹಾಕ್ಕೊಳಂಗಿಲ್ಲ. ಕೆಲಸ ನಿಂತ್ರ ಭಾರಿ ನುಕ್ಸಾನ ಆಗ್ತದ ಅಂದ್ರ ವಿನಾಯಿತಿ ಅದ, ಆದ್ರ ಎಣ್ಣಿ ಹಚ್ಚಿ ಒಣಗಾಕಿದ ತೊಗರಿ ಆ ನೆಪ ಆಗಬಾರದು. ತಾರೀಖು ಒಂದು ತಿಂಗಳ ಮುಂಚೇನೇ ಗೊತ್ತಿರ್ತದ, ಅವತ್ತು ಯಾವ ಲಾಟೂ ಅಂಗಳದಾಗ ಇರದಂಗ ನೋಡ್ಕೋಬೇಕು. 2024ರ ಮೇ 7ರಂದು ಕಲಬುರಗಿ, ಬೀದರ್‌ನಾಗ ಮತದಾನ ಆದಾಗ ತೊಗರಿ ಆವಕದ ಸುಗ್ಗಿ ಮುಗಿದೇ ಹೋಗಿತ್ತು. ಚೀಲದ ಲೆಕ್ಕದಾಗ ದುಡಿಯೋ ಹಮಾಲರಿಗಿ ಪಗಾರ ಅಂಬೋದೇ ಇಲ್ಲ, ಹಿಂದಿನ ವಾರದ ಸರಾಸರಿ ಹಿಡಿದು ಕೊಡ್ತೀವಂತ ಸಂಘವೇ ಠರಾವು ಮಾಡ್ಲಿ. ಗಂಜ್ ಬಂದ್ ಇರೋ ಸುದ್ದಿ ಎಂಟು ದಿನ ಮುಂಚೆ ಹಳ್ಳಿಗಿ ಮುಟ್ಟಿಸ್ರಿ, ಇಲ್ಲಾಂದ್ರ ರೈತರು ಮಾಲ್ ತಂದು ಗೇಟಿಗಿ ಕಾಯ್ತಾರ, ಅವರ ವೋಟೂ ಹೋಗ್ತದ.

ಮತ್ತ, ಮಿಲ್ಲಿನ ಟೆಂಪೋದಾಗ ಮತದಾರರನ್ನ ಕರ್ಕೊಂಡು ಹೋಗೋ ಹುಮ್ಮಸ್ಸು ಬ್ಯಾಡ. ಯಾವನರ ಅಭ್ಯರ್ಥಿ ಒಪ್ಪಿಗಿ ಮ್ಯಾಲ ಮಾಡ್ಯಾರಂತ ಸಾಬೀತಾದ್ರ ಭ್ರಷ್ಟ ಆಚರಣಿ ಆಗ್ತದ.

ಕಪನೂರ_ಮಿಲ್

ಬಾಳ ಉಪಕಾರ ಆಯ್ತ್ರಿ. ಇನ್ನೆರಡು ಕೇಳ್ತೀನಿ. ಬೇರೆ ದೇಶದಾಗ ವ್ಯಾಪಾರಸ್ಥರು ಮತ ಎಣಿಕಿ ಕಾಯೋ ಕೆಲಸಾನೂ ಮಾಡ್ಯಾರ ಅಂತ ಒಬ್ಬ ಸದಸ್ಯರು ಹೇಳ್ತಾರ, ಇಲ್ಲಿ ಆಗ್ತದಾ? ಸ್ಥಳೀಯ ಚುನಾವಣೆ ಮಾಡ್ರಿ ಅಂತ ಮನವಿ ಯಾರಿಗೆ ಕೊಡಬೇಕು?

ಶಹಾಪುರ_ವಕೀಲ

ನಿಮ್ಮ ಸದಸ್ಯರು ಹೇಳಿದ್ದು ಫಿಲಿಪ್ಪೀನ್ಸ್ ಇರಬೇಕು. ಅಲ್ಲಿ 1983ರಲ್ಲಿ ನ್ಯಾಮ್‌ಫ್ರೆಲ್ ಎಂಬ ಸಂಘಟನೆ ಹುಟ್ಟಿತು. ಮುಂದಾಳು ಜೋಸ್ ಕನ್ಸೆಪ್ಸಿಯಾನ್, ಹಿಟ್ಟಿನ ಗಿರಣಿ ಕಂಪನಿಯ ಉದ್ಯಮಿ. 1986ರ ಫೆಬ್ರುವರಿಯ ಮಾರ್ಕೋಸ್–ಅಕಿನೊ ಚುನಾವಣೆಯಲ್ಲಿ ಲಕ್ಷಗಟ್ಟಲೆ ಸ್ವಯಂಸೇವಕರು ಬೂತಿನಿಂದ ಬೂತಿಗೆ ಎಣಿಕೆ ತಂದು ಪ್ರತ್ಯೇಕ ಮೊತ್ತ ಪ್ರಕಟಿಸಿದರು. ಅದು ಸಾಧ್ಯವಾದದ್ದು ಅಲ್ಲಿನ ಚುನಾವಣಾ ಆಯೋಗ ಅವರಿಗೆ ಮಾನ್ಯತೆ ಕೊಟ್ಟಿದ್ದರಿಂದ. ನಮ್ಮಲ್ಲಿ ಮತಗಟ್ಟೆಯ ಲೆಕ್ಕ, ಅಂದರೆ ಫಾರ್ಮ್ 17ಸಿ, ಅಭ್ಯರ್ಥಿಗಳ ಏಜೆಂಟರ ಕೈಗೆ ಮಾತ್ರ ಸಿಗುತ್ತದೆ. ಸಂಘಕ್ಕೆ ಒಳಗೆ ಪ್ರವೇಶವಿಲ್ಲ. ಆ ಮಾದರಿ ಬಿಡಿ.

ನಮಗೆ ಹತ್ತಿರದ್ದು ದಕ್ಷಿಣ ಆಫ್ರಿಕದ್ದು. ವರ್ಣಭೇದದ ಕೊನೆಯ ವರ್ಷಗಳಲ್ಲಿ ಅಲ್ಲಿಯ ಉದ್ಯಮಿಗಳ ಒಂದು ವೇದಿಕೆ ಯಾವ ಪಕ್ಷದ ಪರವೂ ನಿಲ್ಲದೆ, ಸಂವಿಧಾನ ಮಾತುಕತೆಗೆ ಕಚೇರಿ ಕೆಲಸ ಮಾಡಿಕೊಟ್ಟಿತು. ಟುನೀಶಿಯಾದಲ್ಲಿ ಉದ್ಯಮಿಗಳ ಒಕ್ಕೂಟ ಕಾರ್ಮಿಕ ಸಂಘ, ಮಾನವ ಹಕ್ಕು ಸಂಘಟನೆ ಮತ್ತು ವಕೀಲರ ಜೊತೆ ಕೂತು ಪಕ್ಷಗಳನ್ನು ಮಾತುಕತೆಗೆ ತಂದಿತು. ಆ ನಾಲ್ವರ ಕೂಟಕ್ಕೆ 2015ರ ನೊಬೆಲ್ ಶಾಂತಿ ಪ್ರಶಸ್ತಿ ಸಿಕ್ಕಿತು. ಮಾಲೀಕರಷ್ಟೇ ಹೋದರೆ ಅದು ಧಣಿಗಳ ಲಾಬಿ. ನಿಮ್ಮ ಮನವಿಗೆ ಹಮಾಲರ ಸಂಘದ ಸಹಿಯೂ ಇರಲಿ.

ಸ್ಥಳೀಯ ಚುನಾವಣೆ ವಿಷಯ: ಪಾಲಿಕೆಗೆ ಸಂವಿಧಾನದ 243ಯು, ಪಂಚಾಯಿತಿಗೆ 243ಇ. ಎರಡೂ ಹೇಳುವುದು ಒಂದೇ, 5 ವರ್ಷ ಮುಗಿಯುವ ಮೊದಲೇ ಚುನಾವಣೆ ಮುಗಿದಿರಬೇಕು. 2006ರ ಕಿಶನ್ ಸಿಂಗ್ ತೋಮರ್ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಇದನ್ನು ಖಡಾಖಂಡಿತವಾಗಿ ಹೇಳಿದೆ. ಆದರೂ 2016ರಲ್ಲಿ ಆರಿಸಿದ ಜಿಲ್ಲಾ, ತಾಲ್ಲೂಕು ಪಂಚಾಯಿತಿಗಳ ಅವಧಿ 2021ರಲ್ಲಿ ಮುಗಿದ ಮೇಲೆ ವರ್ಷಗಟ್ಟಲೆ ಆಡಳಿತಾಧಿಕಾರಿಗಳೇ ಕೂತರು. ಕಲಬುರಗಿ ಪಾಲಿಕೆಯ 55 ವಾರ್ಡುಗಳಿಗೆ 2021ರ ಸೆಪ್ಟೆಂಬರ್‌ನಲ್ಲಿ ಮತದಾನವಾದರೂ ಮೇಯರ್ ಆಯ್ಕೆ 2023ರ ಮಾರ್ಚ್‌ವರೆಗೆ ಎಳೆಯಿತು.

‘ಚುನಾವಣೆ ನಡೆಸಿ’ ಎಂದು ರಾಜ್ಯ ಚುನಾವಣಾ ಆಯೋಗಕ್ಕೆ ಬರೆದರೆ, ‘ಸರ್ಕಾರದಿಂದ ಕ್ಷೇತ್ರ ವಿಂಗಡಣೆ ಮತ್ತು ಮೀಸಲಾತಿ ಪಟ್ಟಿ ಬಂದಿಲ್ಲ’ ಎಂಬ ಉತ್ತರ ಬರುತ್ತದೆ. ಗಂಟು ಇರುವುದು ಅಲ್ಲಿ. ಹಾಗಾಗಿ ಪಾಲಿಕೆಗೆ ನಗರಾಭಿವೃದ್ಧಿ ಇಲಾಖೆ, ಪಂಚಾಯಿತಿಗೆ ಗ್ರಾಮೀಣಾಭಿವೃದ್ಧಿ ಇಲಾಖೆಯ ಕಾರ್ಯದರ್ಶಿಗೆ ಬರೆದು, ಆ ಎರಡು ಅಧಿಸೂಚನೆಗಳು ಯಾವ ತಾರೀಖಿಗೆ ಹೊರಡುತ್ತವೆ ಎಂದಷ್ಟೇ ಕೇಳಿ, ಪ್ರತಿ ಆಯೋಗಕ್ಕೆ. ಅವಧಿ ಮುಗಿಯುವುದಕ್ಕೆ ಒಂದು ವರ್ಷ ಮುಂಚೆ ಮೊದಲ ಪತ್ರ ಹೋಗಬೇಕು. ಉತ್ತರ ಬಾರದಿದ್ದರೆ ಮಾಹಿತಿ ಹಕ್ಕು ಅರ್ಜಿ, 30 ದಿನ ಕಾಯಿರಿ. ಆ ಕಾಗದಗಳೇ ಮುಂದೆ ಕಲಬುರಗಿ ಹೈಕೋರ್ಟ್ ಪೀಠದಲ್ಲಿ ರಿಟ್ ಹಾಕುವಾಗ ಬೇಕಾಗುವುದು.

ಬೀದರ್_ಸಿಎ

ಒಂದು ಸಣ್ಣ ಸೇರ್ಪಡೆ. ಮಾಹಿತಿ ಹಕ್ಕು ಅರ್ಜಿಯನ್ನ ಸಂಘದ ಲೆಟರ್‌ಹೆಡ್ ಮೇಲೆ ಹಾಕಬೇಡಿ. ಕಾಯ್ದೆ ಹಕ್ಕು ಕೊಟ್ಟಿರೋದು ನಾಗರಿಕರಿಗೆ, ಸಂಘದ ಹೆಸರಲ್ಲಿ ಹೋದರೆ ಅದೇ ನೆಪದಲ್ಲಿ ತಿರಸ್ಕರಿಸ್ತಾರೆ. ಒಬ್ಬ ಸದಸ್ಯರ ಹೆಸರು, ಸಹಿಯಲ್ಲಿ ಹೋಗಲಿ, ಜೊತೆಗೆ 10 ರೂಪಾಯಿ ಶುಲ್ಕ.