55 ಗೆಲುವು, 60 ಸೋಲು: ನೈಸ್ಮಿತ್‌ಗೆ ಕೋಚಿಂಗ್ ಬರುತ್ತಿತ್ತಾ?

ರೀಬೌಂಡ್ ರಾಜ: ಬಾಸ್ಕೆಟ್‌ಬಾಲ್ ಕಂಡುಹಿಡಿದ ಜೇಮ್ಸ್ ನೈಸ್ಮಿತ್ 1898ರಿಂದ 1907ರವರೆಗೆ ಅಮೆರಿಕದ ಕ್ಯಾನ್ಸಸ್ ವಿಶ್ವವಿದ್ಯಾಲಯದ ಕೋಚ್. ಗೆದ್ದದ್ದು 55, ಸೋತದ್ದು 60. ಅಲ್ಲಿ ಗೆಲುವಿಗಿಂತ ಸೋಲೇ ಜಾಸ್ತಿ ಇರುವ ಕೋಚ್ ಇವರೊಬ್ಬರೇ! ಆಟ ಹುಟ್ಟಿಸಿದವರಿಗೇ ಆಡಿಸೋಕೆ ಬರಲಿಲ್ಲ ಅಂದರೆ ತಪ್ಪಾ?

ಪಿಟಿ ಮೇಷ್ಟ್ರು: ತಪ್ಪೇ ರಾಜಣ್ಣ. ಅವರನ್ನು ಕ್ಯಾನ್ಸಸ್‌ಗೆ ಕರೆಸಿದ್ದು ಪ್ರಾರ್ಥನಾ ಮಂದಿರ ನೋಡಿಕೊಂಡು ವ್ಯಾಯಾಮ ಕಲಿಸೋಕೆ. ದೇವತಾಶಾಸ್ತ್ರ ಓದಿದವರು, ಆಗಷ್ಟೇ ಡಾಕ್ಟರಿಕೆ ಓದು ಮುಗಿಸಿದ್ದರು. 1891ರ ಡಿಸೆಂಬರ್‌ನಲ್ಲಿ ಸ್ಪ್ರಿಂಗ್‌ಫೀಲ್ಡ್‌ನ ವೈಎಂಸಿಎ (ಕ್ರೈಸ್ತ ಯುವಕರ ಸಂಘ) ಶಾಲೆಯಲ್ಲಿ ಎರಡು ಪೀಚ್ ಹಣ್ಣಿನ ಬುಟ್ಟಿ ಮೇಲೆ ಮೊಳೆ ಹೊಡೆದು ಹಾಕಿಸಿ, 13 ನಿಯಮ ಬರೆದು ಗೋಡೆಗೆ ಅಂಟಿಸಿದ್ದು ಯಾಕೆ? ಚಳಿಗಾಲದಲ್ಲಿ ಒಳಗೇ ಕೂತು ಬೇಜಾರಾಗಿದ್ದ 18 ಹುಡುಗರನ್ನ ಸುಮ್ಮನಿರಿಸೋಕೆ. ಕಪ್ ಗೆಲ್ಲೋ ಯೋಚನೆಯೇ ಇರಲಿಲ್ಲ.

ಸೈಡ್‌ಬೆಂಚ್: ಎಷ್ಟೋ ಪಂದ್ಯಗಳಲ್ಲಿ ತಮ್ಮ ಟೀಮ್ ಆಡುವಾಗ ಅವರೇ ರೆಫರಿ. ಯಾವ ಕೋಚ್ ಹೀಗೆ ಮಾಡ್ತಾನೆ ಹೇಳಿ!

ರೀಬೌಂಡ್ ರಾಜ: ಮೇಷ್ಟ್ರೇ, ಅವರ ಶಿಷ್ಯ ಫಾಗ್ ಅಲೆನ್ ಅದೇ ಊರಲ್ಲಿ ಅದೇ ಕೆಲಸಕ್ಕೆ ಬಂದು 590 ಪಂದ್ಯ ಗೆದ್ದರಲ್ಲ? ಅಡಾಲ್ಫ್ ರಪ್, ಡೀನ್ ಸ್ಮಿತ್ ಇಬ್ಬರೂ ಅಲೆನ್ ಕೈಕೆಳಗೆ ಆಡಿ, ಆಮೇಲೆ ತಲಾ 870ಕ್ಕೂ ಹೆಚ್ಚು ಪಂದ್ಯ ಗೆಲ್ಲಿಸಿದವರು. ಅಲೆನ್‌ಗೆ ಬೇಕರ್ ವಿಶ್ವವಿದ್ಯಾಲಯದಿಂದ ಕೋಚ್ ಆಗಿ ಅಂತ ಕರೆ ಬಂದಾಗ ನೈಸ್ಮಿತ್ ನಕ್ಕುಬಿಟ್ಟರಂತೆ: ಬಾಸ್ಕೆಟ್‌ಬಾಲ್ ಹೇಳಿಕೊಡೋಕಾಗಲ್ಲ ಮಾರಾಯ, ಆಡಬೇಕು ಅಷ್ಟೇ, ಅಂತ. ಎಷ್ಟು ತಪ್ಪು ಅಂದಾಜು ನೋಡಿ.

ಲೆಕ್ಕದ ಅಕ್ಕ: ಅಂಕಿಗೆ ಹಿನ್ನೆಲೆ ಬೇಡ್ವಾ? 1899ರ ಫೆಬ್ರವರಿಯಲ್ಲಿ ಕ್ಯಾನ್ಸಸ್‌ನ ಮೊದಲ ಪಂದ್ಯ ಕ್ಯಾನ್ಸಸ್ ಸಿಟಿ ವೈಎಂಸಿಎ ಎದುರು, 16-5ರಲ್ಲಿ ಸೋಲು. ವೈಎಂಸಿಎಯವರಿಗೆ ಅದು ತಮ್ಮಲ್ಲೇ ಹುಟ್ಟಿದ ಆಟ, ಕಾಲೇಜು ಹುಡುಗರಿಗೆ ಹೊಸದು. ಒಂಬತ್ತು ವರ್ಷಕ್ಕೆ ಬರೀ 115 ಪಂದ್ಯ. ಐದು ಪಂದ್ಯ ಆಕಡೆ ಈಕಡೆ ಆಗಿದ್ದರೆ ಈ ಚರ್ಚೆಯೇ ಇರ್ತಿರಲಿಲ್ಲ.

ಪಿಟಿ ಮೇಷ್ಟ್ರು: ನನ್ನ ಮಾತು ಬೇರೆ ಅಕ್ಕ. ಜಾನ್ ಮೆಕ್‌ಲೆಂಡನ್ ಹೆಸರು ಯಾರೂ ಎತ್ತಲಿಲ್ಲ. 1933ರಲ್ಲಿ ಕ್ಯಾನ್ಸಸ್‌ಗೆ ಬಂದ ಕಪ್ಪು ಹುಡುಗ. ಬಣ್ಣದ ಕಾರಣಕ್ಕೆ ವಿಶ್ವವಿದ್ಯಾಲಯದ ಟೀಮ್‌ನಲ್ಲಿ ಆಡೋ ಹಾಗಿಲ್ಲ. ಅವನನ್ನ ಕೂರಿಸಿಕೊಂಡು ಆಟ ಹೇಳಿಕೊಟ್ಟವರು ನೈಸ್ಮಿತ್. ಆತ ಮುಂದೆ ಟೆನೆಸೀ ಸ್ಟೇಟ್ ಕೋಚ್ ಆಗಿ 1957, 58, 59ರಲ್ಲಿ ಸತತ ಮೂರು ಎನ್‌ಎಐಎ (ಚಿಕ್ಕ ಕಾಲೇಜುಗಳ ಕ್ರೀಡಾ ಸಂಘ) ರಾಷ್ಟ್ರೀಯ ಪ್ರಶಸ್ತಿ ಗೆದ್ದ. ಇದು ಯಾವ ಕಾಲಂನಲ್ಲಿ ಬರುತ್ತೆ?

ರೀಬೌಂಡ್ ರಾಜ: ಕೋಚ್ ಕಾಲಂನಲ್ಲಂತೂ ಬರಲ್ಲ. 1907ಕ್ಕೇ ಆ ಕೆಲಸ ಬಿಟ್ಟಿದ್ದರು, ಮೆಕ್‌ಲೆಂಡನ್ ಬಂದಾಗ ಅವರು ಪ್ರೊಫೆಸರ್. ಒಳ್ಳೆ ಗುರು ಅಂದರೆ ಒಪ್ಪುತ್ತೀನಿ. ಈ ಖಾತೆದು ಆ ಖಾತೆಗೆ ಜಮಾ ಮಾಡಬೇಡಿ.

ಲೆಕ್ಕದ ಅಕ್ಕ: ಸರಿ, ಜಮಾ ಬೇಡ. ಹಾಗಾದರೆ ಖರ್ಚೂ ಬರೀರಿ. ಮೆಕ್‌ಲೆಂಡನ್‌ಗೆ ಜಾಗ ಇಲ್ಲದ ಆ ಟೀಮ್‌ನ ಕೋಚ್ ಆಗ ಯಾರು? ನಿಮ್ಮ 590ರ ಅಲೆನ್ನೇ.

ರೀಬೌಂಡ್ ರಾಜ: …ಇದು ಗೊತ್ತಿರಲಿಲ್ಲ.

ಪಿಟಿ ಮೇಷ್ಟ್ರು: ಅಲೆನ್ ಮೇಲೆ ಕೋಪ ಬೇಡ, ಆ ನಿಯಮ ಅವರೊಬ್ಬರದ್ದಲ್ಲ. ನೈಸ್ಮಿತ್‌ಗೂ ಅದನ್ನ ಮುರಿಯೋಕೆ ಆಗಲಿಲ್ಲ ಅನ್ನೋದೂ ನಿಜ. ಅಲೆನ್ ಗುರುವನ್ನ ಮರೆತವರೂ ಅಲ್ಲ. 1936ರ ಬರ್ಲಿನ್ ಒಲಿಂಪಿಕ್ಸ್‌ಗೆ ಬಾಸ್ಕೆಟ್‌ಬಾಲ್ ಸೇರಲಿ ಅಂತ ಓಡಾಡಿದವರಲ್ಲಿ ಅವರೂ ಒಬ್ಬರು. ಕೋಚ್‌ಗಳೆಲ್ಲ ದುಡ್ಡು ಕೂಡಿಸಿ ಮುದುಕಪ್ಪನನ್ನ ಹಡಗು ಹತ್ತಿಸಿದರು. ಫೈನಲ್ ನಡೆದದ್ದು ಬಯಲಲ್ಲಿ, ಸುರಿಯೋ ಮಳೆ, ಅಂಕಣವೆಲ್ಲ ಕೆಸರು, ಚೆಂಡು ಪುಟಿಸಿಕೊಂಡು ಓಡೋಕೇ ಆಗಲ್ಲ. ಅಮೆರಿಕ 19, ಕೆನಡಾ 8. ನೈಸ್ಮಿತ್ ಹುಟ್ಟಿದ್ದು ಕೆನಡಾದಲ್ಲಿ, ಪೌರತ್ವ ಅಮೆರಿಕದ್ದು. ಯಾರು ಗೆದ್ದರೂ ಅವರದೇ.

ನನ್ನ ಶಾಲೆಯಲ್ಲೂ ತಾಲ್ಲೂಕು ಮಟ್ಟದಲ್ಲಿ ಎಷ್ಟು ಕಪ್ ಬಂತು ಅಂತಲೇ ಕೇಳ್ತಾರೆ. ಎಷ್ಟು ಮಕ್ಕಳು ಅಂಗಳಕ್ಕೆ ಇಳಿದರು ಅಂತ ಇವತ್ತಿನವರೆಗೂ ಯಾರೂ ಕೇಳಿಲ್ಲ. ಅದಕ್ಕೇ ನಾನು ನೈಸ್ಮಿತ್ ಪಕ್ಷ, ಮುಚ್ಚಿಡೋದೇನಿಲ್ಲ.

ರೀಬೌಂಡ್ ರಾಜ: ಆಯ್ತು ಮೇಷ್ಟ್ರೇ. 'ಆಡಿಸೋಕೆ ಬರಲಿಲ್ಲ' ಅನ್ನೋದನ್ನ 'ಗೆಲ್ಲಿಸೋ ಹಟ ಇರಲಿಲ್ಲ' ಅಂತ ತಿದ್ದಿಕೊಳ್ತೀನಿ. ಆದರೆ 60 ಸೋಲು 60 ಸೋಲೇ.

ಸೈಡ್‌ಬೆಂಚ್: ಅದರಲ್ಲಿ ಎಷ್ಟಕ್ಕೆ ಅವರೇ ಸೀಟಿ ಊದಿದ್ದರೋ!